ಬೀಳುವ ಮೊದಲು ಏನಾಯಿತು?

ಮೂಕಿ ಕಾಲದ ಹಾಸ್ಯ ಕಿರುಚಿತ್ರಗಳನ್ನು ಮೊದಲ ಸಲ ನೋಡುವ ಹುಡುಗರು ಸಾಮಾನ್ಯವಾಗಿ ಎರಡು ದೂರು ಹೇಳುತ್ತಾರೆ. ಒಂದು, "ಇದರಾಗ ಮಾತ ಇಲ್ಲಲ್ರೀ ಸರ್." ಇನ್ನೊಂದು, "ಬರೇ ಬೀಳೂದು, ಏಳೂದು, ಓಡೂದು. ಇದರಾಗ ನೋಡೂದೇನೈತ್ರಿ?" ಮೊದಲನೆಯದಕ್ಕೆ ನಾನು ಉತ್ತರ ಹೇಳುವುದಿಲ್ಲ. ಹತ್ತು ನಿಮಿಷ ಕೂತರೆ ಮಾತಿಲ್ಲ ಎಂಬುದೇ ಮರೆತುಹೋಗುತ್ತದೆ. ಎರಡನೆಯ ಪ್ರಶ್ನೆ ಮಾತ್ರ ಒಳ್ಳೆಯ ಪ್ರಶ್ನೆ. ಒಬ್ಬ ಮನುಷ್ಯ ಬೀಳುವುದರಲ್ಲಿ ನೋಡುವುದೇನಿದೆ?

ಉತ್ತರಕ್ಕೆ 1895ಕ್ಕೆ ಹೋಗೋಣ. ಫ್ರಾನ್ಸಿನ ಲೂಮಿಯೇರ್ ಸೋದರರು ಆ ವರ್ಷ ತೋರಿಸಿದ ತುಣುಕುಗಳಲ್ಲಿ ಒಂದರ ಉದ್ದ ಒಂದು ನಿಮಿಷವೂ ಇಲ್ಲ. ತೋಟಗಾರನೊಬ್ಬ ರಬ್ಬರ್ ಪೈಪು ಹಿಡಿದು ಗಿಡಗಳಿಗೆ ನೀರು ಬಿಡುತ್ತಿದ್ದಾನೆ. ಹಿಂದಿನಿಂದ ಒಬ್ಬ ಹುಡುಗ ಬಂದು ಪೈಪಿನ ಮೇಲೆ ಕಾಲಿಡುತ್ತಾನೆ. ನೀರು ನಿಲ್ಲುತ್ತದೆ. ತೋಟಗಾರ ಪೈಪಿನ ಬಾಯಿಯನ್ನು ಮುಖದ ಹತ್ತಿರ ತಂದು ಇಣುಕುತ್ತಾನೆ. ಹುಡುಗ ಕಾಲು ತೆಗೆಯುತ್ತಾನೆ. ಅಷ್ಟೇ. ಇದನ್ನು ತೋರಿಸಿ ನಾನು ಕೇಳುವುದು, ನಗು ಯಾವಾಗ ಬಂತು? ಮುಖಕ್ಕೆ ನೀರು ಹಾರಿದಾಗ ಎಂದು ಎಲ್ಲರೂ ಹೇಳುತ್ತಾರೆ. ಇನ್ನೊಮ್ಮೆ ಹಾಕಿ, ಪರದೆಯ ಕಡೆ ನೋಡದೆ ಪಕ್ಕದವರ ಮುಖ ನೋಡಿ ಎನ್ನುತ್ತೇನೆ. ಹುಡುಗ ಕಾಲಿಟ್ಟಾಗಲೇ ತುಟಿ ಅರಳಿರುತ್ತದೆ. ತೋಟಗಾರ ಇಣುಕಿದಾಗ ನಗು ಗಂಟಲಿಗೆ ಬಂದಿರುತ್ತದೆ. ನೀರು ಅದನ್ನು ಹೊರಗೆ ಹಾಕುತ್ತದೆ, ಅಷ್ಟೇ ಅದರ ಕೆಲಸ. ಪೈಪಿನ ಮೇಲೆ ಕಾಲಿರುವುದು ನಮಗೆ ಗೊತ್ತು, ಅವನಿಗೆ ಗೊತ್ತಿಲ್ಲ. ಮುಂದಿನ ಮೂವತ್ತೈದು ವರ್ಷ ಮೂಕಿ ಹಾಸ್ಯ ಬೆಳೆದದ್ದು ಈ ಅಂತರದ ಮೇಲೆ.

ಸ್ಲ್ಯಾಪ್‌ಸ್ಟಿಕ್ ಎಂದು ಕರೆಯುವ ಈ ದೇಹದ ಹಾಸ್ಯವನ್ನು ನೋಡುವಾಗ "ಹೇಗೆ ಬಿದ್ದ?" ಎಂದು ಕೇಳಿಕೊಳ್ಳುವುದಕ್ಕಿಂತ "ಬೀಳುವ ಮೊದಲು ಏನಾಯಿತು?" ಎಂದು ಕೇಳಿಕೊಂಡರೆ ಅರ್ಧ ವಿದ್ಯೆ ಕೈಗೆ ಬಂತು.

ಧಾರವಾಡದ ಲೈನ್ ಬಜಾರಿನಲ್ಲಿ ಒಂದು ದೃಶ್ಯ ಕಟ್ಟಿ ನೋಡೋಣ. ಇಸ್ತ್ರಿ ಮಾಡಿದ ಬಿಳಿ ಧೋತರ ಉಟ್ಟ ಹಿರಿಯರೊಬ್ಬರು ಪೇಢೆಯ ಪೆಟ್ಟಿಗೆ ಹಿಡಿದು ಅಂಗಡಿಯ ಮೆಟ್ಟಿಲಿಳಿದು ಜಾರಿ ಬಿದ್ದರು. ನಗು ಬಂತೆ? ಇಲ್ಲ. "ಅಯ್ಯೋ, ಪೆಟ್ಟಾತೇನ್ರಿ ಅಜ್ಜಾರ?" ಎಂದು ಓಡುತ್ತೀರಿ. ಈಗ ತಿರುಗಿ ಕಟ್ಟೋಣ. ಅಂಗಡಿಯ ಹುಡುಗ ಮೊದಲು ಮೆಟ್ಟಿಲಿಗೆ ನೀರು ಹೊಡೆಯುತ್ತಾನೆ. ಒಬ್ಬ ಗಿರಾಕಿ ಇಳಿಯುತ್ತಾನೆ, ಸ್ವಲ್ಪ ಜಾರಿ ಸಾವರಿಸಿಕೊಳ್ಳುತ್ತಾನೆ. ಇದು ನಮಗೆ ಕೊಟ್ಟ ಸೂಚನೆ. ಅಜ್ಜಾರು ಒಳಗೆ ಕೌಂಟರಿನ ಮುಂದೆ ನಿಂತು, ಪೆಟ್ಟಿಗೆ ಸರಿಯಾಗಿ ಕಟ್ಟಲಿಲ್ಲ ಎಂದು ಹುಡುಗನಿಗೆ ಜೋರು ಮಾಡುತ್ತಿದ್ದಾರೆ. ಮೂರು ಸಲ ಕಟ್ಟಿಸುತ್ತಾರೆ. ಹೊರಗೆ ಬಂದು ಮೆಟ್ಟಿಲ ಮೇಲೆ ಕಾಲೆತ್ತುತ್ತಾರೆ, ಅಷ್ಟರಲ್ಲಿ ಗುರುತಿನವರು ಕರೆಯುತ್ತಾರೆ, ಕಾಲು ಹಿಂದೆ ಬರುತ್ತದೆ. ಮತ್ತೆ ಎತ್ತುತ್ತಾರೆ, ಚಪ್ಪಲಿಯ ಉಂಗುಷ್ಠ ಕಿತ್ತಿದೆ, ಬಗ್ಗಿ ನೋಡುತ್ತಾರೆ. ಮೂರನೆಯ ಸಲ ಇಳಿಯುತ್ತಾರೆ, ಜಾರುವುದೇ ಇಲ್ಲ. ಗೆದ್ದವರ ಹಾಗೆ ನಾಲ್ಕು ಹೆಜ್ಜೆ ನಡೆದು ಒಣನೆಲದ ಮೇಲೆ ನಿಂತು ಹುಡುಗನ ಕಡೆ ಬೆರಳು ತೋರಿಸಿ ಇನ್ನೊಮ್ಮೆ ಬೈಯುತ್ತಿರುವಾಗ, ಹಿಂದಿನಿಂದ ಬಂದ ಬಿಡಾಡಿ ಆಕಳು ಪೆಟ್ಟಿಗೆಗೆ ಬಾಯಿ ಹಾಕುತ್ತದೆ. ಜಗ್ಗಾಟದಲ್ಲಿ ಮೆಟ್ಟಿಲ ತನಕ ಹಿಂದೆ ಸರಿದು, ದಾರ ಕಿತ್ತು ಅಜ್ಜಾರು ಕೂತುಬಿಡುತ್ತಾರೆ, ಅದೇ ಒದ್ದೆ ಮೆಟ್ಟಿಲ ಮೇಲೆ.

ನಾವು ಕಾಯುತ್ತಿದ್ದದ್ದು ಆಯಿತು, ಆದರೆ ಕಾಯುತ್ತಿದ್ದ ರೀತಿಯಲ್ಲಿ ಆಗಲಿಲ್ಲ. ಜೊತೆಗೆ ಅವರು ಹುಡುಗನ ಮೇಲೆ ಜೋರು ಮಾಡಿದವರು. ಜಂಬದವನು ಬೀಳುವುದಕ್ಕೂ ಬಡಪಾಯಿ ಬೀಳುವುದಕ್ಕೂ ಇರುವ ವ್ಯತ್ಯಾಸ ಈ ಪ್ರಕಾರದ ಪ್ರತಿಯೊಬ್ಬ ದೊಡ್ಡ ನಟನಿಗೂ ಗೊತ್ತಿತ್ತು. ಚಾಪ್ಲಿನ್ ದೊಗಲೆ ಪ್ಯಾಂಟಿಗೆ ಬಿಗಿ ಕೋಟು, ಟೋಪಿ, ಕೈಕೋಲು ಸೇರಿಸಿದ್ದು ಸುಮ್ಮನೆ ಅಲ್ಲ. ಬಡವನೇ, ಆದರೆ ಠೀವಿ ಬಿಡದ ಬಡವ. ಬೀಳಲು ಅವನಿಗೆ ಒಂದಿಷ್ಟು ಎತ್ತರ ಬೇಕಿತ್ತು.

ಇನ್ನು ನಿಜವಾದ ಚಿತ್ರಕ್ಕೆ ಬರೋಣ. ಹುಬ್ಬಳ್ಳಿಯವರಿಗೆ ಮೊದಲ ಚಿತ್ರವಾಗಿ ನಾನು ಹೇಳುವುದು ಬಸ್ಟರ್ ಕೀಟನ್‌ನ "ಒನ್ ವೀಕ್". 1920ರದು, ಎರಡು ರೀಲಿನದು, ಇಪ್ಪತ್ತು ನಿಮಿಷದ ಆಚೀಚೆ. ಯಾಕೆ ಹುಬ್ಬಳ್ಳಿಯವರಿಗೆ ಎಂಬುದು ಕೊನೆಗೆ ಗೊತ್ತಾಗುತ್ತದೆ. ಹೊಸದಾಗಿ ಮದುವೆಯಾದ ಗಂಡ ಹೆಂಡತಿಗೆ ಉಡುಗೊರೆಯಾಗಿ ಒಂದು ಮನೆ ಬರುತ್ತದೆ, ಬಿಡಿಬಿಡಿಯಾಗಿ, ಪೆಟ್ಟಿಗೆಗಳಲ್ಲಿ. ಪೆಟ್ಟಿಗೆಯ ಮೇಲೆ ನಂಬರು. ನಂಬರಿನ ಪ್ರಕಾರ ಜೋಡಿಸಿದರೆ ಮನೆ ಸಿದ್ಧ. ಆ ಹುಡುಗಿಯನ್ನು ಮದುವೆಯಾಗಲು ಆಸೆಪಟ್ಟು ಸೋತ ಇನ್ನೊಬ್ಬ ಬಂದು ಗುಟ್ಟಾಗಿ ನಂಬರು ಬದಲಿಸಿ ಹೋಗುತ್ತಾನೆ. ಪೈಪಿನ ಮೇಲೆ ಕಾಲಿಟ್ಟ ಹುಡುಗ ನೆನಪಾದನೆ? ಇಲ್ಲಿಂದ ಮುಂದೆ ಕೀಟನ್ ಎಷ್ಟು ಶ್ರದ್ಧೆಯಿಂದ ಕೆಲಸ ಮಾಡಿದರೆ ಅಷ್ಟೂ ಮನೆ ಸೊಟ್ಟಗಾಗುತ್ತದೆ. ಅವನು ಪೆದ್ದನಲ್ಲ, ಸೋಮಾರಿಯೂ ಅಲ್ಲ. ಕೊಟ್ಟ ಸೂಚನೆಯನ್ನು ಅಕ್ಷರಶಃ ಪಾಲಿಸುವ ಒಳ್ಳೆಯ ಮನುಷ್ಯ. ಸರಕಾರಿ ಅರ್ಜಿ ತುಂಬಿ ಬಲ್ಲವರಿಗೆ ಈ ಪಾತ್ರ ಬೇಗ ಅರ್ಥವಾಗುತ್ತದೆ.

ಬಿರುಗಾಳಿ ಬಂದಾಗ ಮನೆ ಗಿರಗಿರನೆ ತಿರುಗತೊಡಗುತ್ತದೆ. ತಿರುಗುವ ಅಡಿಗಟ್ಟಿನ ಮೇಲೆ ನಿಜವಾಗಿ ಕಟ್ಟಿದ ಮನೆ ಅದು. ಕೊನೆಯಲ್ಲಿ ಮನೆ ಕಟ್ಟಿದ ಜಾಗವೇ ತಪ್ಪು ಎಂದು ತಿಳಿದು, ಅದನ್ನು ಎಳೆದುಕೊಂಡು ಹೋಗುವಾಗ ರೈಲು ಹಳಿಯ ಮೇಲೆ ಸಿಕ್ಕಿಬೀಳುತ್ತದೆ. ದೂರದಿಂದ ರೈಲು ಬರುತ್ತಿದೆ. ಗಂಡ ಹೆಂಡತಿ ನೂಕುತ್ತಾರೆ, ಆಗುವುದಿಲ್ಲ, ಕಣ್ಣು ಮುಚ್ಚಿಕೊಳ್ಳುತ್ತಾರೆ. ರೈಲು ಪಕ್ಕದ ಹಳಿಯ ಮೇಲೆ ಹಾದುಹೋಗುತ್ತದೆ. ಇಬ್ಬರೂ ಉಸಿರು ಬಿಡುತ್ತಾರೆ, ನಾವೂ ಬಿಡುತ್ತೇವೆ. ಆ ಕ್ಷಣಕ್ಕೆ ಎದುರು ದಿಕ್ಕಿನಿಂದ ಇನ್ನೊಂದು ರೈಲು ಬಂದು ಮನೆಯನ್ನು ಪುಡಿ ಮಾಡಿ ಹೋಗುತ್ತದೆ. ನೈರುತ್ಯ ರೈಲ್ವೆಯ ಮುಖ್ಯ ಕಚೇರಿ ಇರುವ ಊರಿನವರು ಜೋಡಿ ಹಳಿ ನೋಡಿದ ಕೂಡಲೇ ಊಹಿಸಬೇಕಾಗಿತ್ತಲ್ಲ? ಯಾರೂ ಊಹಿಸುವುದಿಲ್ಲ. ಉಸಿರು ಬಿಟ್ಟ ಮೇಲೆ ಮನಸ್ಸು ಕಾವಲು ಇಳಿಸುತ್ತದೆ, ಕೀಟನ್ ಹೊಡೆಯುವುದು ಆಗಲೇ. ಕೀಟನ್ ಮುರುಕು ರಾಶಿಗೆ "ಮಾರಾಟಕ್ಕಿದೆ" ಎಂಬ ಬೋರ್ಡು ಇಟ್ಟು, ಅದರ ಜೊತೆಗೆ ಜೋಡಿಸುವ ಸೂಚನೆಯ ಹಾಳೆಯನ್ನೂ ಸಿಕ್ಕಿಸಿ, ಹೆಂಡತಿಯ ಕೈ ಹಿಡಿದು ನಡೆದುಬಿಡುತ್ತಾನೆ. ಆ ಹಾಳೆ ಇಡುವ ಚಿಕ್ಕ ಕೆಲಸ ನನ್ನ ದೃಷ್ಟಿಯಲ್ಲಿ ರೈಲಿಗಿಂತ ದೊಡ್ಡ ನಗೆ.

ಹುಬ್ಬಳ್ಳಿ ನಿಲ್ದಾಣ ಎಂದ ಕೂಡಲೇ ಕೆಲವು ವಿದ್ಯಾರ್ಥಿಗಳು ಅಲ್ಲಿಯೇ ಒಂದು ಮೂಕಿ ಚಿತ್ರ ಮಾಡುವ ಉತ್ಸಾಹ ತೋರಿಸುತ್ತಾರೆ. 2023ರ ಮಾರ್ಚ್‌ನಲ್ಲಿ ಉದ್ಘಾಟನೆಯಾದ 1507 ಮೀಟರ್ ಉದ್ದದ ಪ್ಲಾಟ್‌ಫಾರ್ಮ್ ಇದೆ, ಜಗತ್ತಿನಲ್ಲೇ ಉದ್ದವಾದದ್ದು, ಅಲ್ಲಿ ಪೊಲೀಸರು ಬೆನ್ನಟ್ಟುವ ದೃಶ್ಯ ಹಾಕೋಣ ಎನ್ನುತ್ತಾರೆ. ನಾನು ಬೇಡ ಎನ್ನುತ್ತೇನೆ. ಬರೀ ಉದ್ದಕ್ಕೆ ಓಡಿದರೆ ಅದು ಓಟದ ಸ್ಪರ್ಧೆ. ಬೆನ್ನಟ್ಟುವವರಿಗೆ ತಿರುವು ಬೇಕು, ಬಾಗಿಲು ಬೇಕು, ಅಡ್ಡ ಬರುವ ಕೈಗಾಡಿ ಬೇಕು. ದುರ್ಗದಬೈಲಿನ ಸಂತೆಯ ಗದ್ದಲ ಇದಕ್ಕೆ ಎಷ್ಟೋ ಮೇಲು. 1912ರಲ್ಲಿ ಮ್ಯಾಕ್ ಸೆನೆಟ್ ಕ್ಯಾಲಿಫೋರ್ನಿಯಾದಲ್ಲಿ ಕೀಸ್ಟೋನ್ ಕಂಪನಿ ತೆರೆದು ಪೆದ್ದು ಪೊಲೀಸರ ದಂಡನ್ನು ಓಡಿಸಿದ್ದು ಊರಿನ ಇಂಥ ಬೀದಿಗಳಲ್ಲೇ. ಚಾಪ್ಲಿನ್ ಸಿನಿಮಾಕ್ಕೆ ಬಂದದ್ದೂ ಅಲ್ಲಿಗೇ, 1914ರಲ್ಲಿ. ಕೀಸ್ಟೋನ್ ಚಿತ್ರಗಳು ಇಂದು ನನಗೆ ಸ್ವಲ್ಪ ದಣಿವು ತರುತ್ತವೆ. ಎಲ್ಲರೂ ಎಲ್ಲ ಕಡೆಗೂ ಓಡುತ್ತಾರೆ, ಯಾರಿಗಾಗಿ ಕಾಯಬೇಕೆಂದೇ ತಿಳಿಯುವುದಿಲ್ಲ. ಆದರೆ ಆ ಗರಡಿಯಲ್ಲಿ ತಯಾರಾದವರನ್ನು ಮರೆಯಬಾರದು. ಮೇಬಲ್ ನಾರ್ಮಂಡ್ ಎಂಬ ಹೆಣ್ಣುಮಗಳು ಅಲ್ಲಿ ನಟಿಸಿದ್ದಲ್ಲದೆ ಚಿತ್ರಗಳನ್ನು ನಿರ್ದೇಶಿಸಿದಳು. ಹೊಸಬನಾದ ಚಾಪ್ಲಿನ್ ಅವಳ ಕೈಕೆಳಗೂ ಕೆಲಸ ಮಾಡಿದ.

ಹೊಸಬರು ತಪ್ಪು ತಿಳಿಯುವ ಇನ್ನೊಂದು ಸಂಗತಿ ವೇಗ. ಹಳೆಯ ಚಿತ್ರ ಎಂದರೆ ಎಲ್ಲರೂ ಇರುವೆಗಳಂತೆ ಪುಟುಪುಟು ಓಡುವುದು ಎಂಬ ಕಲ್ಪನೆ ಇದೆ. ಇದರ ಲೆಕ್ಕ ಸರಳ. 35 ಎಂಎಂ ಫಿಲಂನಲ್ಲಿ ಒಂದು ಅಡಿಗೆ 16 ಚಿತ್ರಗಳು. ಒಂದು ರೀಲು ಸುಮಾರು 1000 ಅಡಿ, ಅಂದರೆ 16,000 ಚಿತ್ರ. ಸೆಕೆಂಡಿಗೆ 16ರಂತೆ ಬಿಟ್ಟರೆ ಸುಮಾರು ಹದಿನೇಳು ನಿಮಿಷ ಓಡುತ್ತದೆ. ಟಾಕಿ ಬಂದ ಮೇಲಿನ ಸೆಕೆಂಡಿಗೆ 24ರ ವೇಗದಲ್ಲಿ ಬಿಟ್ಟರೆ ಹನ್ನೊಂದು ನಿಮಿಷಕ್ಕೆ ಮುಗಿಯುತ್ತದೆ. ಆಗ ಕ್ಯಾಮೆರಾದ ಹಿಡಿಕೆಯನ್ನು ಕೈಯಿಂದ ತಿರುಗಿಸುತ್ತಿದ್ದರು. ಬೆನ್ನಟ್ಟುವ ದೃಶ್ಯ ಚುರುಕಾಗಲೆಂದು ಬೇಕೆಂದೇ ನಿಧಾನ ತಿರುಗಿಸುವುದೂ ಇತ್ತು. ಆದರೆ ಅಂತರ್ಜಾಲದಲ್ಲಿ ಸಿಗುವ ಎಷ್ಟೋ ಪ್ರತಿಗಳು ಅದಕ್ಕೂ ಮಿಕ್ಕಿ, ತಪ್ಪು ವೇಗದಲ್ಲಿ ಓಡುತ್ತವೆ. ಅಂಥ ಪ್ರತಿಯಲ್ಲಿ ಕೀಟನ್ ಆಟಿಕೆಯಂತೆ ಕಾಣುತ್ತಾನೆ, ಅವನು ಯೋಚಿಸುವ ಅರ್ಧ ಸೆಕೆಂಡು ಮಾಯವಾಗಿರುತ್ತದೆ. ನಗೆ ಇರುವುದೇ ಆ ಅರ್ಧ ಸೆಕೆಂಡಿನಲ್ಲಿ. ಹಾಗಾಗಿ ಸರಿಪಡಿಸಿ ಹೊರತಂದ ಪ್ರತಿಯನ್ನೇ ಹುಡುಕಿ.

ಕ್ಯಾಮೆರಾ ಎಲ್ಲಿದೆ ಎಂಬುದನ್ನೂ ನೋಡಿ. ಇಂದಿನ ಹಾಸ್ಯದಲ್ಲಿ ಮುಖ ತೋರಿಸುತ್ತಾರೆ, ಅಲ್ಲಿ ತಲೆಯಿಂದ ಪಾದದವರೆಗೆ ಇಡೀ ದೇಹ. ಮಾತಿಲ್ಲದ ಮೇಲೆ ಮೊಣಕಾಲೂ ಮಾತಾಡಬೇಕು. ಚಾಪ್ಲಿನ್‌ನ "ಒನ್ ಎ.ಎಂ." (1916) ನೋಡಿದರೆ ಇದು ಖಚಿತವಾಗುತ್ತದೆ. ಆರಂಭದಲ್ಲಿ ಒಬ್ಬ ಟ್ಯಾಕ್ಸಿ ಚಾಲಕ ಬಿಟ್ಟರೆ ಇಡೀ ಚಿತ್ರದಲ್ಲಿ ಇರುವುದು ಚಾಪ್ಲಿನ್ ಒಬ್ಬನೇ. ಕುಡಿದು ಮನೆಗೆ ಬಂದವನಿಗೂ ಅವನ ಮನೆಯ ಸಾಮಾನುಗಳಿಗೂ ಜಗಳ. ಮೆಟ್ಟಿಲು, ಗಡಿಯಾರದ ಲೋಲಕ, ಗೋಡೆಯೊಳಗಿಂದ ಮಡಚಿ ಬಿಚ್ಚುವ ಹಾಸಿಗೆ, ಎಲ್ಲವೂ ಅವನ ವಿರುದ್ಧ ಪಕ್ಷ. ಅದೇ ವರ್ಷದ "ದ ಪಾನ್‌ಶಾಪ್" ಇನ್ನೂ ನಾಜೂಕು. ಒತ್ತೆ ಇಡಲು ಒಬ್ಬ ಅಲಾರಂ ಗಡಿಯಾರ ತರುತ್ತಾನೆ. ಚಾಪ್ಲಿನ್ ಅದಕ್ಕೆ ಡಾಕ್ಟರಂತೆ ಸ್ಟೆತಾಸ್ಕೋಪ್ ಇಟ್ಟು ನೋಡಿ, ಡಬ್ಬಿ ಕೊರೆಯುವಂತೆ ಕೊರೆದು, ಒಳಗಿನ ಕರುಳನ್ನೆಲ್ಲ ಹೊರಗೆಳೆದು, ಚೂರುಗಳನ್ನು ಆ ಮನುಷ್ಯನ ಟೋಪಿಯಲ್ಲೇ ತುಂಬಿ ಬೇಡ ಎಂದು ವಾಪಸು ಕೊಡುತ್ತಾನೆ. ಇಲ್ಲಿ ಯಾರೂ ಬೀಳುವುದಿಲ್ಲ. ಆದರೂ ಇದು ದೇಹದ ಹಾಸ್ಯವೇ. ಬೆರಳುಗಳು ಮಾಡುವ ಹಾಸ್ಯ.

ಪೆಟ್ಟಿನ ಪ್ರಶ್ನೆ ಉಳಿಯಿತು. ಇಷ್ಟೆಲ್ಲ ಹೊಡೆದಾಟ ನೋಡಿ ನಗುವುದು ಕ್ರೌರ್ಯವಲ್ಲವೆ? ಯುರೋಪಿನ ಹಳೆಯ ರಂಗಭೂಮಿಯ ವಿದೂಷಕರು ಎರಡು ಹಲಗೆ ಜೋಡಿಸಿದ ಒಂದು ಕೋಲು ಬಳಸುತ್ತಿದ್ದರು. ಹೊಡೆದರೆ ಹಲಗೆಗೆ ಹಲಗೆ ಬಡಿದು ದೊಡ್ಡ ಸದ್ದು ಬರುತ್ತಿತ್ತು, ಮೈಗೆ ಏನೂ ಆಗುತ್ತಿರಲಿಲ್ಲ. ನಮ್ಮ ಕಡೆಯ ಕಂಪನಿ ನಾಟಕ ನೋಡಿದವರಿಗೆ ಇದು ಹೊಸದಲ್ಲ. ಹಾಸ್ಯದ ಜೋಡಿಯಲ್ಲಿ ಒಬ್ಬ ಇನ್ನೊಬ್ಬನ ಕೆನ್ನೆಗೆ ಕೈ ಬೀಸುತ್ತಾನೆ, ಕೈ ಗಾಳಿಯಲ್ಲಿ ಹೋಗುತ್ತದೆ, ಪಕ್ಕದಲ್ಲಿ ಕೂತ ತಬಲಾದವನು "ಧಡ್" ಎಂದು ಬಾರಿಸುತ್ತಾನೆ. ತಬಲಾ ಅರ್ಧ ಸೆಕೆಂಡು ತಡವಾದರೆ ನಗು ಸತ್ತಿತು. ಸದ್ದು ದೊಡ್ಡದು, ಪೆಟ್ಟು ಸುಳ್ಳು ಎಂಬ ಒಪ್ಪಂದ ಪ್ರೇಕ್ಷಕನಿಗೂ ನಟನಿಗೂ ಇರುತ್ತದೆ. ಮೂಕಿ ಚಿತ್ರದಲ್ಲಿ ಸದ್ದೂ ಇಲ್ಲ. ಥಿಯೇಟರಿನಲ್ಲಿ ವಾದ್ಯ ನುಡಿಸುವವರು ಅದನ್ನು ತುಂಬುತ್ತಿದ್ದರು. ನಮ್ಮ ದೇಶದಲ್ಲಿ ಆ ಜಾಗದಲ್ಲಿ ಹಾರ್ಮೋನಿಯಂ, ತಬಲಾ ಕೂತಿರುತ್ತಿದ್ದವು.

ಆದರೆ ತೆರೆಯ ಹಿಂದೆ ಪೆಟ್ಟು ಯಾವಾಗಲೂ ಸುಳ್ಳಾಗಿರಲಿಲ್ಲ. ಕೀಟನ್ ತಂದೆತಾಯಿಯ ಜೊತೆ ರಂಗದ ಮೇಲೆ ಬೆಳೆದವನು. ತಂದೆ ಎತ್ತಿ ಒಗೆಯಲು ಅನುಕೂಲವಾಗಲೆಂದು ಹುಡುಗನ ಅಂಗಿಗೆ ಪೆಟ್ಟಿಗೆಯ ಹಿಡಿಕೆಯನ್ನು ಹೊಲಿದಿದ್ದರಂತೆ. ಬಿದ್ದ ಮೇಲೆ ತಾನು ನಕ್ಕರೆ ಜನ ನಗುವುದಿಲ್ಲ ಎಂಬುದನ್ನು ಅವನು ಅಲ್ಲಿಯೇ ಕಂಡುಕೊಂಡ. ಆ ನಿರ್ವಿಕಾರ ಮುಖ ಕೊನೆಯವರೆಗೂ ಉಳಿಯಿತು. 1924ರ "ಶೆರ್ಲಾಕ್ ಜೂನಿಯರ್"ನಲ್ಲಿ ನೀರಿನ ರಭಸಕ್ಕೆ ಬಿದ್ದು ಅವನ ಕುತ್ತಿಗೆಯ ಮೂಳೆ ಬಿರಿದಿತ್ತು, ವರ್ಷಗಟ್ಟಲೆ ಅವನಿಗೇ ಗೊತ್ತಾಗಲಿಲ್ಲ. 1923ರ "ಸೇಫ್ಟಿ ಲಾಸ್ಟ್"ನಲ್ಲಿ ಎತ್ತರದ ಗಡಿಯಾರದ ಮುಳ್ಳಿಗೆ ಜೋತುಬಿದ್ದ ಹೆರಾಲ್ಡ್ ಲಾಯ್ಡ್‌ನ ಬಲಗೈಯಲ್ಲಿ ಹೆಬ್ಬೆರಳೂ ತೋರುಬೆರಳೂ ಇರಲಿಲ್ಲ. 1919ರಲ್ಲಿ ಬಾಂಬ್ ಸಿಡಿದು ಹೋಗಿದ್ದವು. ಕೈಗವಸು ಹಾಕಿ ಅದನ್ನು ಮರೆಮಾಡಿದ್ದ.

ಇದೆಲ್ಲ ಪರದೇಶದ ಮಾತಾಯಿತು, ನಮ್ಮಲ್ಲಿ ಏನಿತ್ತು ಎಂದು ಕೇಳುವವರಿದ್ದಾರೆ. ಪರದೆಯ ಮೇಲೆ ದೇಹದಿಂದ ನಗಿಸುವುದು ಸಿನಿಮಾಕ್ಕಿಂತ ಹಳೆಯದು ನಮ್ಮಲ್ಲಿ. ತೊಗಲುಗೊಂಬೆ ಆಟದಲ್ಲಿ ರಾಮಾಯಣದ ನಡುವೆ ಕಿಳ್ಳೇಕ್ಯಾತ ಮತ್ತು ಬಂಗಾರಕ್ಕ ನುಗ್ಗುತ್ತಾರೆ. ಹಿಂದೆ ದೀಪ, ಮುಂದೆ ಬಟ್ಟೆ, ನಡುವೆ ಕೈಕಾಲು ಕುಣಿಸುತ್ತ ಜಗಳವಾಡುವ ಗಂಡ ಹೆಂಡತಿ. ಮಾತೂ ಇರುತ್ತದೆ, ಪೋಲಿಯೂ ಇರುತ್ತದೆ, ಆದರೆ ಮಕ್ಕಳು ನಗುವುದು ಗೊಂಬೆಯ ಕೈ ಎಲ್ಲಿಂದ ಎಲ್ಲಿಗೆ ಹೋಯಿತು ಎಂಬುದಕ್ಕೆ.

ಕಂಪನಿ ನಾಟಕದಿಂದ ಸಿನಿಮಾಕ್ಕೆ ಸೇತುವೆ ಕಟ್ಟಿದವರು ಗುಬ್ಬಿ ವೀರಣ್ಣ. ಅವರು ಮಾಲೀಕರಷ್ಟೇ ಅಲ್ಲ, ಮೊದಲು ಹಾಸ್ಯನಟ. "ಸದಾರಮೆ" ನಾಟಕದ ಕಳ್ಳನ ಪಾತ್ರ ಅವರ ಹೆಸರಿಗೇ ಅಂಟಿಕೊಂಡಿತ್ತು. ಕನ್ನಡ ಟಾಕಿಗಿಂತ ಮೊದಲೇ, 1931ರಲ್ಲಿ, ಅವರು "ಹಿಸ್ ಲವ್ ಅಫೇರ್" ಎಂಬ ಮೂಕಿ ಚಿತ್ರ ತೆಗೆದು ತಾವೇ ನಟಿಸಿದರು. ಭಾರತದಲ್ಲಿ ತಯಾರಾದ ಮೂಕಿಗಳಲ್ಲಿ ಉಳಿದಿರುವುದು ಬೆರಳೆಣಿಕೆಯಷ್ಟು. ನಮ್ಮ ಹಾಸ್ಯನಟರ ದೇಹಭಾಷೆಯ ಪಾಠವನ್ನು ಹೊರಗಿನ ಚಿತ್ರಗಳಿಂದ ಶುರುಮಾಡಬೇಕಾದ ಕಷ್ಟ ಇದರಿಂದಲೇ ಬಂದದ್ದು. ಗುಬ್ಬಿ ಕಂಪನಿಯ ಗರಡಿಯಿಂದ ಬಂದ ನರಸಿಂಹರಾಜು 1954ರ "ಬೇಡರ ಕಣ್ಣಪ್ಪ"ದಿಂದ ತೆರೆಗೆ ಬಂದರು. ಅವರ ಒಂದು ದೃಶ್ಯವನ್ನು ಧ್ವನಿ ತೆಗೆದು ನೋಡಿ. ಸಣಕಲು ಮೈ, ಉಬ್ಬುಹಲ್ಲು, ಹೆದರಿ ಹಿಂದೆ ಸರಿಯುವ ಕಾಲು, ಎಲ್ಲ ಅರ್ಥವಾಗುತ್ತದೆ. ಅವರ ಜೊತೆಗಾರ ಟಿ.ಎನ್. ಬಾಲಕೃಷ್ಣ ಅವರ ಕಿವಿ ಕೇಳುತ್ತಿರಲಿಲ್ಲ ಎನ್ನುವಷ್ಟು ಮಂದ. ಎದುರಿನವರ ತುಟಿ ನೋಡಿ, ಮೈ ನೋಡಿ ಉತ್ತರ ಕೊಡುತ್ತಿದ್ದ ಆ ನಟನ ಸಮಯಪ್ರಜ್ಞೆಯನ್ನು ಕಿವಿ ಇರುವ ಎಷ್ಟೋ ಮಂದಿ ಮುಟ್ಟಲಿಲ್ಲ.

ಆಮೇಲೆ 1987ರ "ಪುಷ್ಪಕ ವಿಮಾನ". ಸಿಂಗೀತಂ ಶ್ರೀನಿವಾಸರಾವ್ ನಿರ್ದೇಶನ, ಶೃಂಗಾರ್ ನಾಗರಾಜ್ ನಿರ್ಮಾಣ, ಬೆಂಗಳೂರಿನಲ್ಲೇ ಚಿತ್ರೀಕರಣ. ಇಡೀ ಚಿತ್ರದಲ್ಲಿ ಒಂದು ಮಾತಿಲ್ಲ, ಸದ್ದು ಮಾತ್ರ ಇದೆ. ಇದು ಕಿರುಚಿತ್ರವಲ್ಲ, ಆದರೆ ಎರಡು ರೀಲಿನ ಹಾಸ್ಯಗಳನ್ನು ಪೋಣಿಸಿದಂತೆ ಅದರ ಕಟ್ಟಡ. ಟಿನ್ನು ಆನಂದ್ ಮಾಡಿದ ಕೊಲೆಗಾರ ಮಂಜುಗಡ್ಡೆಯ ಕಠಾರಿ ಹಿಡಿದು ಬರುತ್ತಾನೆ. ಕೊಂದ ಮೇಲೆ ಆಯುಧ ಕರಗಿ ಸಾಕ್ಷಿಯೇ ಉಳಿಯಬಾರದೆಂಬ ಯುಕ್ತಿ. ಕಠಾರಿ ಕಂಡ ಕೂಡಲೇ ನಮ್ಮ ತಲೆಯಲ್ಲಿ ಗಡಿಯಾರ ಶುರುವಾಗುತ್ತದೆ, ಕರಗುತ್ತಿದೆಯಲ್ಲ! ತೋಟಗಾರನ ಪೈಪಿನ ಅದೇ ಲೆಕ್ಕ, ತೊಂಬತ್ತು ವರ್ಷದ ನಂತರ. ಐಷಾರಾಮಿ ಹೋಟೆಲಿನ ನಿಶ್ಶಬ್ದದಲ್ಲಿ ನಿದ್ದೆ ಬಾರದೆ, ನಾಯಕ ತನ್ನ ಹಳೆಯ ಕೋಣೆಯ ಸುತ್ತಲಿನ ಗದ್ದಲವನ್ನು ಟೇಪಿನಲ್ಲಿ ತುಂಬಿಸಿ ತಂದು ಹಚ್ಚಿ ಮಲಗುವುದು ಇನ್ನೊಂದು. ಮಾತಿಲ್ಲದ ಚಿತ್ರದಲ್ಲಿ ಸದ್ದನ್ನೇ ಹಾಸ್ಯ ಮಾಡಿದ ಜಾಣತನಕ್ಕೆ ನಾನು ಪ್ರತಿಸಲವೂ ತಲೆದೂಗುತ್ತೇನೆ.

ಮತ್ತೆ ಮೂಕಿ ಕಿರುಚಿತ್ರಗಳಿಗೆ ಬಂದರೆ, ಜಗಳದ ಹಾಸ್ಯಕ್ಕೆ ಲಾರೆಲ್ ಮತ್ತು ಹಾರ್ಡಿಯ "ಬಿಗ್ ಬಿಸಿನೆಸ್" (1929) ತಪ್ಪಿಸಬೇಡಿ. ಕ್ರಿಸ್ಮಸ್ ಗಿಡ ಮಾರಲು ಬಂದ ಇಬ್ಬರಿಗೂ ಮನೆಯೊಡೆಯನಿಗೂ ವಾದ ಹತ್ತುತ್ತದೆ. ಅವರು ಮನೆಯ ಒಂದು ಭಾಗ ಕೀಳುತ್ತಾರೆ, ಇವನು ಕಾರಿನ ಒಂದು ಭಾಗ ಕೀಳುತ್ತಾನೆ. ಗಮನಿಸಬೇಕಾದದ್ದು, ಒಬ್ಬ ಕೀಳುವಾಗ ಇನ್ನೊಬ್ಬ ತಡೆಯುವುದಿಲ್ಲ. "ಮಾಡೋ ಮಾಡು, ನೋಡ್ತೀನಿ" ಎಂಬಂತೆ ನಿಂತು, ಅದು ಮುಗಿದ ಮೇಲೆ ತನ್ನ ಸರದಿ ತೆಗೆದುಕೊಳ್ಳುತ್ತಾನೆ. ಕೀಸ್ಟೋನಿನ ಗಡಿಬಿಡಿಗೆ ಇದು ಪೂರಾ ವಿರುದ್ಧ. ಓಣಿಯ ಜಗಳ ಬಲ್ಲ ನಮ್ಮ ಮಂದಿಗೆ ಈ ಸರದಿಯ ಮರ್ಯಾದೆ ಬೇಗ ಹಿಡಿಸುತ್ತದೆ.

ಒಂದು ಎಚ್ಚರಿಕೆಯನ್ನೂ ಹೇಳಬೇಕು. ಈ ಚಿತ್ರಗಳಲ್ಲಿ ಕೆಲವು ಕರಿಯರನ್ನು, ಅಂಗವಿಕಲರನ್ನು, ಹೆಂಗಸರನ್ನು ಹೀಯಾಳಿಸಿ ನಗಿಸುತ್ತವೆ. ಅಲ್ಲಿ ನಗು ಬರದಿದ್ದರೆ ನಿಮ್ಮ ರುಚಿಯ ದೋಷವಲ್ಲ. ಮಕ್ಕಳಿಗೆ ತೋರಿಸುವ ಮೊದಲು ಒಮ್ಮೆ ನೀವೇ ನೋಡಿ. ಹಾಗೆಯೇ ನಮ್ಮ ಕಂಪನಿ ನಾಟಕದ ಹಾಸ್ಯ ಇತ್ತೀಚೆಗೆ ಎರಡರ್ಥದ ಮಾತಿಗೆ ವಾಲಿ, ಮೈಯ ಕಸುಬು ಸೊರಗಿದೆ ಎಂಬುದು ನನ್ನ ತಕರಾರು. ಆದರೂ ಜನವರಿ ಹೊತ್ತಿಗೆ ಬಾದಾಮಿಯ ಬನಶಂಕರಿ ಜಾತ್ರೆಯಲ್ಲಿ ಹಲವು ಕಂಪನಿಗಳು ಬಿಡಾರ ಹೂಡುತ್ತವೆ. ಹೋದರೆ ಹಾಸ್ಯದವನ ಕಾಲು ನೋಡಿ, ತಬಲಾದವನ ಕಣ್ಣು ನೋಡಿ. ಅವನು ನಟನ ಭುಜದ ಮೇಲಿಂದ ದೃಷ್ಟಿ ತೆಗೆದಿರುವುದಿಲ್ಲ.

ಇಲ್ಲಿ ಹೇಳಿದ ಕಿರುಚಿತ್ರಗಳು ಬಹುತೇಕ ಹಕ್ಕುಸ್ವಾಮ್ಯದ ಅವಧಿ ಮುಗಿದವು, ಉಚಿತವಾಗಿ ಸಿಗುತ್ತವೆ. ಮೊದಲು "ಒನ್ ವೀಕ್", ಆಮೇಲೆ "ದ ಪಾನ್‌ಶಾಪ್", ಅದಾದ ಮೇಲೆ "ಬಿಗ್ ಬಿಸಿನೆಸ್", ಈ ಕ್ರಮದಲ್ಲಿ ನೋಡಿ. ಮೂರೂ ಸೇರಿ ಒಂದೂಕಾಲು ತಾಸಿನೊಳಗೆ ಮುಗಿಯುತ್ತವೆ. ಒಬ್ಬರೇ ಮೊಬೈಲಿನಲ್ಲಿ ನೋಡಿ ನಗು ಬರಲಿಲ್ಲ ಎಂದು ದೂರಬೇಡಿ. ಇವು ತುಂಬಿದ ಥಿಯೇಟರಿಗೆಂದು ಮಾಡಿದ ಚಿತ್ರಗಳು. ಒಂದು ಭಾನುವಾರ ಮನೆಯ ದೊಡ್ಡ ಟಿವಿಗೆ ಹಚ್ಚಿ, ಅಜ್ಜಿಯನ್ನೂ ಓಣಿಯ ಹುಡುಗರನ್ನೂ ಕರೆದು ಕೂಡಿಸಿ ನೋಡಿ.